ಓದಿ ಗೊತ್ತು, ಕೇಳಿ ಗೊತ್ತಿಲ್ಲ: ನೀವು ವರ್ಷಗಟ್ಟಲೆ ತಪ್ಪಾಗಿ ಹೇಳಿದ ಇಂಗ್ಲಿಷ್ ಪದ ಯಾವುದು?

ಗವಿಮಠದ ಓಣಿ, ಕೊಪ್ಪಳ

ಎಲ್ಲರಿಗೂ ನಮಸ್ಕಾರ. ಹೋದ ವಾರ ಒಂದು ಕಂಪನಿಯ ಸಂದರ್ಶನಕ್ಕೆ ಹೋಗಿದ್ದೆ. ಎಲ್ಲಾ ಸರಿಯಾಗಿಯೇ ನಡೆದಿತ್ತು. ಒಂದು ತೂಕದ ಪದ ಬಿಡೋಣ ಅಂತ ಮಾತಿನ ನಡುವೆ 'ಎಪಿಟೋಮ್' ಅಂದೆ. ಇ-ಪಿ-ಐ-ಟಿ-ಓ-ಎಂ-ಇ. ಎದುರು ಕೂತಿದ್ದ ಇಬ್ಬರೂ ಮುಖ ಮುಖ ನೋಡಿಕೊಂಡರು. ಒಬ್ಬರು ಪೆನ್ನು ಕೆಳಗಿಟ್ಟು, 'ಇಪಿಟಮಿ ಅಂತಾನಾ ನೀವು ಹೇಳೋದು?' ಅಂದರು. ಬಿಟ್ಟಿದ್ದರೆ ಸಾಕಿತ್ತು. ಮುಂದಿನ ಹತ್ತು ನಿಮಿಷ ನಾನು ಹೇಳಿದ್ದಕ್ಕೆಲ್ಲಾ ಅವರ ತುಟಿ ಸ್ವಲ್ಪ ಸ್ವಲ್ಪ ನಗುತ್ತಲೇ ಇತ್ತು.

ನನಗೆ ಆ ಪದದ ಅರ್ಥ ಗೊತ್ತು. ಒಂದು ಗುಣಕ್ಕೆ ಅಚ್ಚೊತ್ತಿದಂಥ ಮಾದರಿ. ಸ್ಪೆಲ್ಲಿಂಗ್ ಗೊತ್ತು. ಲೈಬ್ರರಿಯಲ್ಲಿ ಕೂತು ಹತ್ತು ವರ್ಷದಿಂದ ಇಂಗ್ಲಿಷ್ ಪೇಪರ್ ಓದುತ್ತೇನೆ. ಆದರೆ ಆ ಪದವನ್ನು ಯಾರ ಬಾಯಿಂದಲೂ ಕೇಳಿರಲಿಲ್ಲ. ನಮ್ಮ ಓಣಿಯಲ್ಲಿ ಯಾರು ಹೇಳುತ್ತಾರೆ ಸ್ವಾಮಿ?

ನಿಮಗೂ ಹೀಗೆ ಆಗಿರುತ್ತದೆ. ಆ ಪದಗಳನ್ನು ಇಲ್ಲಿ ಹಾಕಿ. ಅರ್ಥವನ್ನೂ ಹೇಳಿ, ಉಚ್ಚಾರವನ್ನೂ ಹೇಳಿ. ಅಪರೂಪದ್ದಾದರೆ ಇನ್ನೂ ಒಳ್ಳೇದು.

ತುಂಟ ತುಂಗಾ

ಎಪಿಟೋಮ್ ಅಂದರೆ ಏನೋ ಕೀಟನಾಶಕ ಇದ್ದಂಗೆ ಇದೆ ಬಿಡಿ. ಎಕರೆಗೆ 200 ಎಂಎಲ್.

ಸಿಂಧನೂರು ಮೇಡಂ

ತಮ್ಮಾ, ಬೇಜಾರು ಮಾಡ್ಕೋಬೇಡ. ತಪ್ಪಾಗಿ ಉಚ್ಚರಿಸಿದವನು ಓದಿ ಕಲಿತವನು ಅಂತ ಅರ್ಥ. ನಾನು ಪಿಯು ಕಾಲೇಜಿನಲ್ಲಿ ಇಂಗ್ಲಿಷ್ ಪಾಠ ಮಾಡಿ ಹದಿನಾರು ವರ್ಷ ಆಯ್ತು. ನಾನೇ ಬಿ.ಎ. ಮುಗಿಯುವವರೆಗೆ 'ಹೈಪರ್‌ಬೋಲ್' ಅನ್ನುತ್ತಿದ್ದೆ. ಅದು ಹೈಪರ್ಬಲಿ. ಉತ್ಪ್ರೇಕ್ಷೆ ಅಂತ.

ಒಂದು ಸುಲಭದ ಗುರುತು ಹೇಳುತ್ತೇನೆ. ಇವು ಗ್ರೀಕಿನಿಂದ ಬಂದ ಪದಗಳು. ಗ್ರೀಕ್ ಪದದ ಕೊನೆಯ 'ಇ' ಸುಮ್ಮನೆ ಕೂರುವುದಿಲ್ಲ, ಬಾಯಿ ಬಿಡುತ್ತದೆ. ಅಪಾಸ್ಟ್ರಫಿ, ಕಟ್ಯಾಸ್ಟ್ರಫಿ ಅಂತ ನಾವೆಲ್ಲಾ ಹೇಳುವುದಿಲ್ವಾ? 'ಅಪಾಸ್ಟ್ರೋಫ್' ಅಂತ ಯಾರೂ ಹೇಳಲ್ಲ. ಹಾಗೇ ಇಪಿಟಮಿ, ಹಾಗೇ ಹೈಪರ್ಬಲಿ. ಫ್ರೆಂಚ್ ದಾರಿಯಿಂದ ಬಂದ ಪದಗಳಲ್ಲಿ ಕೊನೆಯ 'ಇ' ಸಾಮಾನ್ಯವಾಗಿ ಸತ್ತಿರುತ್ತದೆ.

ಮಾನ್ವಿ ಟು ಮಾರತಹಳ್ಳಿ

ಮೇಡಂ, ಹಾಗಾದರೆ ಟೆಲಿಸ್ಕೋಪ್, ಮೈಕ್ರೋಸ್ಕೋಪ್? ಅವೂ ಗ್ರೀಕ್ ತುಂಡುಗಳೇ. 'ಟೆಲಿಸ್ಕೋಪಿ' ಅಂತೀವಾ?

ಸಿಂಧನೂರು ಮೇಡಂ

ಬಂತು ನೋಡಿ ಹಿಂದಿನ ಬೆಂಚಿನ ಪ್ರಶ್ನೆ. ಅವು ಗ್ರೀಕ್ ತುಂಡು ಜೋಡಿಸಿ ಆಮೇಲೆ ಕಟ್ಟಿದ ಪದಗಳು. ಗ್ರೀಕರ ಹತ್ತಿರ ಟೆಲಿಸ್ಕೋಪ್ ಇರಲಿಲ್ಲ. ನಾನು ಹೇಳಿದ್ದು ಹಳೇ ಗ್ರೀಕಿನಲ್ಲಿ ಇಡಿಯಾಗಿ ಇದ್ದ ಪದಗಳಿಗೆ. ಗುರುತು ಅಂದೆ, ಕಾನೂನು ಅನ್ನಲಿಲ್ಲ.

ಬೀಜದ ಅಂಗಡಿ, ರಾಯಚೂರು

ನನ್ನದು ಬೇರೆ ಕಥೆ. ನಮ್ಮದು ಬೀಜ ಗೊಬ್ಬರದ ಅಂಗಡಿ. ಹತ್ತಿ, ತೊಗರಿ, ಸೂರ್ಯಕಾಂತಿ. ಚಿಕ್ಕವನಿದ್ದಾಗ ನಮ್ಮ ಬಳ್ಳಾರಿ ಮಾವ ಹೇಳುತ್ತಿದ್ದರು, 'ಬ್ರಿಟಿಷರ ಕಾಲದಲ್ಲಿ ನಮ್ಮ ಬಳ್ಳಾರಿಗೆ ಸೀಡೆಡ್ ಡಿಸ್ಟ್ರಿಕ್ಟ್ ಅಂತಿದ್ದರು' ಅಂತ. ಬಹಳ ದಿನ ನಾನು ಹತ್ತಿ ಬೀಜಕ್ಕೆ ಹೆಸರಾದ ಜಿಲ್ಲೆ, ಅದಕ್ಕೇ ಸೀಡ್ ಅಂದಿದ್ದಾರೆ ಅಂದುಕೊಂಡಿದ್ದೆ. ಅಂಗಡಿಗೆ ಬಂದವರಿಗೂ ಹೆಮ್ಮೆಯಿಂದ ಹೇಳಿದ್ದೇನೆ.

ಆಮೇಲೆ ನೋಡಿದರೆ ಅದು ಸಿ-ಇ-ಡಿ-ಇ. ಸೀಡ್ ಅಂತಲೇ ಉಚ್ಚಾರ, ಅರ್ಥ ಬಿಟ್ಟುಕೊಡು ಅಂತ. 1800ರಲ್ಲಿ ನಿಜಾಮ ಈಸ್ಟ್ ಇಂಡಿಯಾ ಕಂಪನಿಯವರಿಗೆ ಬಿಟ್ಟುಕೊಟ್ಟ ಸೀಮೆ. ಬಳ್ಳಾರಿ, ಅನಂತಪುರ, ಕಡಪ, ಕರ್ನೂಲಿನ ಕಡೆಯ ಸ್ವಲ್ಪ. ನಮ್ಮ ರಾಯಚೂರು ನಿಜಾಮನ ಹತ್ತಿರವೇ ಉಳಿಯಿತು.

ನಿವೃತ್ತ ಟಪಾಲು, ಬಳ್ಳಾರಿ

ಬೀಜದಂಗಡಿ ಸಾಹುಕಾರ್ರೇ, ನಿಮ್ಮ ಕಥೆಗೆ ಇನ್ನೊಂದು ಬೀಜ ಸೇರಿಸುತ್ತೇನೆ. ಆ ಸೀಡೆಡ್ ಜಿಲ್ಲೆಗಳಿಗೆ ಮೊದಲ ಪ್ರಿನ್ಸಿಪಲ್ ಕಲೆಕ್ಟರ್ ಥಾಮಸ್ ಮನ್ರೋ. 1800ರಿಂದ 1807ರವರೆಗೆ ಇದ್ದ. ಇಲ್ಲಿರುವಾಗಲೇ ಲೆಫ್ಟೆನೆಂಟ್ ಕರ್ನಲ್ ಆದ. ಈ ಎರಡೂ ಪದಗಳನ್ನು ಬರೆದು ನೋಡಿ. ಲೆಫ್ಟೆನೆಂಟ್‌ನಲ್ಲಿ 'ಎಫ್' ಎಲ್ಲಿದೆ? ಇಲ್ಲ. ಕರ್ನಲ್ ಬರೆಯುವುದು ಸಿ-ಓ-ಎಲ್-ಓ-ಎನ್-ಇ-ಎಲ್. 'ಆರ್' ಎಲ್ಲಿದೆ? ಅದೂ ಇಲ್ಲ. ಇಲ್ಲದ ಅಕ್ಷರ ಎರಡು ಹೊತ್ತುಕೊಂಡು ತಿರುಗಿದ ಮನುಷ್ಯ.

ಇನ್ನೂ ಮಜಾ ಏನೆಂದರೆ ಕೆ-ಇ-ಆರ್-ಎನ್-ಇ-ಎಲ್ ಅಂತ ಬರೆದರೂ ಕರ್ನಲ್ಲೇ. ಕಾಳಿನ ಒಳಗಿನ ತಿರುಳು. ಬರೀ ಕಿವಿಯಿಂದ ಕೇಳಿದವನಿಗೆ ಮನ್ರೋ ಸಾಹೇಬ ಬೀಜದ ಜಿಲ್ಲೆಯ ತಿರುಳು.

ತುಂಟ ತುಂಗಾ

ಪೋಸ್ಟ್‌ಮಾಸ್ಟರ್ ಅಜ್ಜಾರಿಗೆ ಒಂದು ಮಿರ್ಚಿ ಜಾಸ್ತಿ ಕೊಡ್ರಿ.

ಮಾನ್ವಿ ಟು ಮಾರತಹಳ್ಳಿ

ಕರ್ನಲ್ ಯಾಕೆ ಹಾಗಾಯಿತು ಅಂತ ನನಗೆ ಗೊತ್ತು. ಬ್ರಿಟಿಷ್ ಸಿಪಾಯಿಗಳಿಗೆ ನಾಲಿಗೆ ಸೋಮಾರಿ. 'ಕಲೊನೆಲ್' ಅನ್ನಲಾರದೆ ಕರ್ನಲ್ ಅಂದರು.

ಸಿಂಧನೂರು ಮೇಡಂ

ಇಲ್ಲಪ್ಪ. ಸಿಪಾಯಿ ಮೇಲೆ ಸುಮ್ನೆ ಹಾಕಬೇಡ. ಇಟಾಲಿಯನ್ ಭಾಷೆಯಲ್ಲಿ 'ಕೊಲೊನ್ನೆಲ್ಲೊ', ಸೈನ್ಯದ ಕಂಬಸಾಲಿನ ಮುಖ್ಯಸ್ಥ. ಫ್ರೆಂಚರು ಅದರ ಮೊದಲ 'ಎಲ್' ಅನ್ನು 'ಆರ್' ಮಾಡಿ 'ಕೊರೊನೆಲ್' ಅಂದರು. ಒಂದೇ ಪದದಲ್ಲಿ ಎರಡು 'ಎಲ್' ಬಂದರೆ ನಾಲಿಗೆ ಒಂದನ್ನು ಬದಲಿಸುವುದು ಬಹಳ ಭಾಷೆಗಳಲ್ಲಿ ಇದೆ. ಇಂಗ್ಲಿಷಿಗೆ ಎರಡೂ ರೂಪ ಬಂದವು. ಕೊನೆಗೆ ಬರವಣಿಗೆಗೆ ಇಟಾಲಿಯನ್ ಗೆದ್ದಿತು, ಬಾಯಿಗೆ ಫ್ರೆಂಚ್ ಗೆದ್ದಿತು. ಗಂಡನ ಮನೆ ಹೆಸರು ಕಾಗದದಲ್ಲಿ, ತವರಿನ ಹೆಸರು ಬಾಯಲ್ಲಿ.

ಹಟ್ಟಿ ಸೆಕೆಂಡ್ ಶಿಫ್ಟ್

ನಾನು ಚಿನ್ನದ ಗಣಿಯಲ್ಲಿ ಕೆಲಸ ಮಾಡುವವನು. ಅಪರೂಪದ ಪದ ಬೇಕಂದ್ರೆ ನಮ್ಮ ಕಡೆ ಬನ್ನಿ. ಭೂಮಿ ಒಳಗೆ ಇಳಿದರೆ ಡಿಕ್ಷನರಿಯೇ ಬೇರೆ. ಅದಿರು ತೆಗೆದ ಪೊಳ್ಳಿಗೆ ಸ್ಟೋಪ್. ಒಂದು ಲೆವೆಲ್‌ನಿಂದ ಕೆಳಗಿನ ಲೆವೆಲ್‌ಗೆ ಒಳಗೊಳಗೇ ತೋಡಿದ ಬಾವಿಗೆ ವಿಂಜ್. ಗುಡ್ಡದ ಮಗ್ಗುಲಿಂದ ಅಡ್ಡಡ್ಡ ಒಳಗೆ ಹೋಗುವ ದಾರಿಗೆ ಆಡಿಟ್. ಲೆಕ್ಕದ ಆಡಿಟ್ ಅಲ್ಲ, ಅದರಲ್ಲಿ 'ಯು' ಇರುತ್ತದೆ, ಇದರಲ್ಲಿ ಇಲ್ಲ.

ನಾನು ತಪ್ಪು ಹೇಳಿದ್ದು ಜಿ-ಎ-ಎನ್-ಜಿ-ಯು-ಇ. ಅದಿರಿನ ಜೊತೆ ಬರುವ ಉಪಯೋಗ ಇಲ್ಲದ ಕಲ್ಲು. ನಾನು 'ಗ್ಯಾಂಗ್ಯೂ' ಅಂತಿದ್ದೆ. ಅದು ಬರೀ ಗ್ಯಾಂಗ್. ಒಮ್ಮೆ ಹೊಸ ಸಾಹೇಬರು ಬಂದು ಕಲ್ಲಿನ ರಾಶಿ ನೋಡಿ 'ಇದರಲ್ಲಿ ಗ್ಯಾಂಗ್ ಜಾಸ್ತಿ ಆಯ್ತು, ಕಡಿಮೆ ಮಾಡಿ' ಅಂದರು. ನಮ್ಮ ಮೇಸ್ತ್ರಿ ಮಾರನೇ ದಿನ ಆರು ಆಳು ಕಡಿಮೆ ಕರಕೊಂಡು ಬಂದ.

ಸಂಡೂರು ಕೆಂಪು ಧೂಳು

ಹಹ್ಹಹ್ಹಾ. ಆರು ಮಂದಿ ಪಗಾರ ಹೋಯ್ತಲ್ರೀ!

ಗಣಿ ಅಂದಮೇಲೆ ನನ್ನದೂ ಕೇಳಿ. ನಮ್ಮ ಸಂಡೂರಿನ ಅದಿರು ಹೆಮಟೈಟ್. ಲಾರಿ ಓಡಾಡಿದರೆ ಗಿಡ, ಮನೆ, ನಾಯಿ ಎಲ್ಲಾ ಕೆಂಪು. ಹೈಮಾ ಅಂದರೆ ಗ್ರೀಕಿನಲ್ಲಿ ರಕ್ತ. ರಕ್ತ ಪರೀಕ್ಷೆ ಚೀಟಿಯಲ್ಲಿ ಬರೆಯುತ್ತಾರಲ್ಲ ಹಿಮೋಗ್ಲೋಬಿನ್, ಅದರ ಮೊದಲರ್ಧವೂ ಇದೇ. ಕಲ್ಲಿಗೂ ರಕ್ತಕ್ಕೂ ಒಂದೇ ಹೆಸರು. ನನ್ನ ಮಗಳು ಕೇಳಿದಳು, 'ಅಪ್ಪಾ, ಎರಡರಲ್ಲೂ ಕಬ್ಬಿಣ ಇದೆ ಅಂತ ಗ್ರೀಕರಿಗೆ ಗೊತ್ತಿತ್ತಾ?' ಇಲ್ಲಮ್ಮ, ಬರೀ ಬಣ್ಣ ನೋಡಿ ಇಟ್ಟ ಹೆಸರು. ಆದರೂ ಸರಿಯಾಗಿ ಬಿತ್ತು ನೋಡಿ.

ಗವಿಮಠದ ಓಣಿ, ಕೊಪ್ಪಳ

ಕಲ್ಲಿನ ಮಾತು ಬಂತಲ್ಲ, ಒಂದು ಅನುಮಾನ. ನಮ್ಮ ಮನೆ ಹಿಂದಿನ ಗುಡ್ಡದ ಕಲ್ಲು ಜಿ-ಎನ್-ಇ-ಐ-ಎಸ್-ಎಸ್ ಅಂತ ಪುಸ್ತಕದಲ್ಲಿ ಇದೆ. ನಾನು 'ಗ್ನೀಸ್' ಅಂತೀನಿ.

ಹಟ್ಟಿ ಸೆಕೆಂಡ್ ಶಿಫ್ಟ್

ನೈಸ್ ತಮ್ಮಾ, ನೈಸ್. ಚೆಂದ ಅನ್ನೋ ನೈಸ್ ಥರಾನೇ. ಜರ್ಮನ್ ಪದ. ಪಟ್ಟೆ ಪಟ್ಟೆ ಇರುವ ಗಟ್ಟಿ ಕಲ್ಲು. ನಮ್ಮ ಹಟ್ಟಿ ಮಸ್ಕಿ ಪಟ್ಟಿಯಲ್ಲಿ ಇನ್ನೊಂದಿದೆ, ಎಸ್-ಸಿ-ಎಚ್-ಐ-ಎಸ್-ಟಿ. ಶಿಸ್ಟ್ ಅನ್ನಬೇಕು. ಪದರ ಪದರವಾಗಿ ಸೀಳಿ ಬರುತ್ತದೆ. ಹೊಸ ಹುಡುಗರಿಗೆ ನಾನು ಹೇಳುವುದು: ಈ ಕಲ್ಲಿಗೆ ಶಿಸ್ತು ಇಲ್ಲ, ಆದರೂ ಹೆಸರು ಶಿಸ್ಟ್. ಯಾವಾಗ ತಲೆ ಮೇಲೆ ಬೀಳುತ್ತೋ ಹೇಳಕ್ಕಾಗಲ್ಲ.

ಮಾನ್ವಿ ಟು ಮಾರತಹಳ್ಳಿ

ಗಣಿಯವರೇ, ಇಂಗ್ಲಿಷಿನ ಅತಿ ಉದ್ದದ ಪದವೂ ನಿಮ್ಮದೇ ಅಲ್ವಾ? 45 ಅಕ್ಷರ. ಉಸಿರು ಹಿಡ್ಕೊಳ್ಳಿ: ನ್ಯೂಮನೊ-ಅಲ್ಟ್ರಾ-ಮೈಕ್ರೊಸ್ಕಾಪಿಕ್-ಸಿಲಿಕೊ-ವಾಲ್ಕೇನೊ-ಕೋನಿಯೋಸಿಸ್. ಕಣ್ಣಿಗೆ ಕಾಣದಷ್ಟು ಸಣ್ಣ ಸಿಲಿಕಾ ಧೂಳು ಕುಡಿದು ಬರುವ ಶ್ವಾಸಕೋಶದ ರೋಗ. ಮೊದಲ 'ಪಿ' ಸೈಲೆಂಟ್.

ಹಟ್ಟಿ ಸೆಕೆಂಡ್ ಶಿಫ್ಟ್

ಅದು ಡಾಕ್ಟರು ಇಟ್ಟ ಹೆಸರಲ್ಲ ಅಣ್ಣಾ. 1935ರಲ್ಲಿ ಅಮೆರಿಕದ ಪದಬಂಧ ಪ್ರೇಮಿಗಳ ಸಂಘದ ಅಧ್ಯಕ್ಷ ಎವರೆಟ್ ಸ್ಮಿತ್ ಅನ್ನುವವರು ಉದ್ದ ಆಗಲಿ ಅಂತಲೇ ಕಟ್ಟಿದ್ದು. ಆಮೇಲೆ ಡಿಕ್ಷನರಿಗಳೂ ಸೇರಿಸಿಕೊಂಡವು. ನಮ್ಮಲ್ಲಿ ಸಿಲಿಕೋಸಿಸ್ ಅಂತಾರೆ, ಅಷ್ಟೇ. ಧೂಳು ಏಳಬಾರದು ಅಂತ ನೀರು ಬಿಟ್ಟುಕೊಂಡೇ ಡ್ರಿಲ್ ಮಾಡುತ್ತೇವೆ. ಶಿಫ್ಟ್ ಮುಗಿಸಿ ಮೇಲೆ ಬಂದಾಗ ಬಟ್ಟೆ ಹಿಂಡಿದರೆ ಬೂದು ಬಣ್ಣದ ನೀರು ಬರುತ್ತದೆ. ಆ ರೋಗ ಬಂದವರಿಗೆ 45 ಅಕ್ಷರ ಹೇಳುವಷ್ಟು ಉಸಿರು ಇರುವುದಿಲ್ಲ.

ಮಾನ್ವಿ ಟು ಮಾರತಹಳ್ಳಿ

ಸಾರಿ ಅಣ್ಣಾ. ತಮಾಷೆಗೆ ಹೇಳಿದೆ.

ಹಟ್ಟಿ ಸೆಕೆಂಡ್ ಶಿಫ್ಟ್

ಇರಲಿ ಬಿಡಿ. ನಾನೂ ಅದನ್ನ ಬಾಯಿಪಾಠ ಮಾಡಿದ್ದೀನಿ, ಮಗನ ಮುಂದೆ ಗೆಲ್ಲೋಕೆ.

ಬಳ್ಳಾರಿ ಜೀನ್ಸ್

ನಮ್ಮದು ಸಣ್ಣ ಜೀನ್ಸ್ ಯೂನಿಟ್. ಎಂಟು ಮಷಿನ್. ಅಪರೂಪದ ಪದ ಅಂದರೆ ನಮ್ಮಲ್ಲೂ ಒಂದಿದೆ, ಸೆಲ್ವೆಡ್ಜ್. ದುಬಾರಿ ಜೀನ್ಸ್ ಕಾಲು ಮಡಚಿದರೆ ಒಳಗೆ ಬಿಳಿ ಪಟ್ಟಿ, ನಡುವೆ ಕೆಂಪು ಎಳೆ ಕಾಣುತ್ತಲ್ಲ, ಅದು. ಸೆಲ್ಫ್ ಮತ್ತು ಎಡ್ಜ್ ಸೇರಿ ಆದ ಪದ. ತನಗೆ ತಾನೇ ಅಂಚು ಕಟ್ಟಿಕೊಂಡ ಬಟ್ಟೆ, ಎಳೆ ಬಿಚ್ಚುವುದಿಲ್ಲ. ನಮ್ಮ ಕಟಿಂಗ್ ಮಾಸ್ಟರ್ ಅದಕ್ಕೆ 'ಸೆಲ್ವರಾಜ್' ಅನ್ನುತ್ತಾನೆ. 'ಈ ಥಾನ್ ಸೆಲ್ವರಾಜ್ ಇದೆ, ಹುಷಾರಾಗಿ ಕತ್ತರಿಸು' ಅಂತ.

ಡೆನಿಮ್ ಅಂದರೆ 'ದ ನೀಮ್', ಫ್ರಾನ್ಸಿನ ನೀಮ್ ಅನ್ನೋ ಊರಿನದು. ಜೀನ್ಸ್ ಇಟಲಿಯ ಜಿನೋವಾ ಊರಿನ ಹೆಸರಿಂದ. ಡಂಗರೀಸ್ ಮಾತ್ರ ನಮ್ಮದೇ, ಮುಂಬೈ ಡೋಂಗ್ರಿಯಿಂದ ಹೋದ ಒರಟು ಬಟ್ಟೆ. ಮೂರು ಊರಿನ ಹೆಸರು ಹೊಲಿದು ಮಾರುತ್ತೇವೆ, ಲೇಬಲ್ ಮೇಲೆ ನಮ್ಮ ಊರಿನ ಹೆಸರಿಲ್ಲ.

ನಿವೃತ್ತ ಟಪಾಲು, ಬಳ್ಳಾರಿ

ಆ ಹಿಂದಿನ ಭಾಗಕ್ಕೆ ಏನಂತೀರಿ, ಸೊಂಟದ ಪಟ್ಟಿ ಕೆಳಗೆ ವಿ ಆಕಾರದ ತುಂಡು?

ಬಳ್ಳಾರಿ ಜೀನ್ಸ್

ಯೋಕ್ ಸರ್. ಬ್ಯಾಕ್ ಯೋಕ್.

ನಿವೃತ್ತ ಟಪಾಲು, ಬಳ್ಳಾರಿ

ಯೋಕ್ ಅಂದರೆ ನೊಗ. ಎತ್ತಿನ ಹೆಗಲ ಮೇಲಿಂದ ಹುಡುಗರ ಸೊಂಟದ ಕೆಳಗೆ ಬಂದಿದೆ.

ಆನೆಗೊಂದಿ ಹರಿಗೋಲು

ನಮ್ಮಪ್ಪ ಹರಿಗೋಲು ಹಾಕುತ್ತಿದ್ದರು. ಫಾರಿನ್‌ನವರು ಬಂದು 'ಕೊರಕಲ್, ಕೊರಕಲ್' ಅಂತ ಕೇಳುತ್ತಿದ್ದರು. ನಮ್ಮಪ್ಪ ಮೊದಮೊದಲು ದಂಡೆಯ ಆಚೆ ಮಳೆ ನೀರು ಕೊರೆದ ಕೊರಕಲು ತೋರಿಸಿ, 'ಅಲ್ಲೇನೈತ್ರಿ ನೋಡಕ್ಕೆ?' ಅನ್ನೋರು. ಆಮೇಲೆ ಗೊತ್ತಾಯ್ತು, ಹರಿಗೋಲಿಗೆ ಇಂಗ್ಲಿಷಿನಲ್ಲಿ ಕೊರಕಲ್ ಅಂತ. ಅದೂ ಇಂಗ್ಲಿಷ್ ಅಲ್ಲ ಅಂತೆ, ವೇಲ್ಸ್ ಜನರ ಭಾಷೆಯದು. ಅವರ ಹೊಳೆಯಲ್ಲೂ ಹಿಂಗೇ ಬುಟ್ಟಿ ಮೇಲೆ ಚರ್ಮ ಹೊದಿಸಿದ ದೋಣಿ.

ಪೋರ್ಚುಗೀಸ್ ವ್ಯಾಪಾರಿ ಡೊಮಿಂಗೊ ಪಾಯೆಸ್ 1520ರ ಹೊತ್ತಿಗೆ ಇಲ್ಲೇ ದಾಟಿದ್ದ. ಬುಟ್ಟಿ ಥರ ಗುಂಡಗಿನ ದೋಣಿ, ಒಳಗೆ ಬೆತ್ತ, ಹೊರಗೆ ಚರ್ಮ, ಹದಿನೈದು ಇಪ್ಪತ್ತು ಜನ ಕೂರಬಹುದು, ಕುದುರೆ ಎತ್ತು ಕೂಡ ದಾಟಿಸುತ್ತಾರೆ ಅಂತ ಬರೆದಿಟ್ಟಿದ್ದಾನೆ. ಈಗ ಚರ್ಮದ ಬದಲು ಪ್ಲಾಸ್ಟಿಕ್ ಚೀಲ, ಡಾಂಬರು.

ತುಂಟ ತುಂಗಾ

ಹಂಪಿ ಅಂದಮೇಲೆ ನನ್ನದೂ ಒಂದು. ವಿ-ಐ-ಸಿ-ಟಿ-ಯು-ಎ-ಎಲ್-ಎಸ್. ವಿಕ್ಚುಯಲ್ಸ್ ಅಲ್ಲ. ವಿಟಲ್ಸ್! ಅರ್ಥ ಊಟದ ಸಾಮಾನು. ವಿಠಲನ ಗುಡಿ ಮುಂದೆ ನಿಂತು ಹೇಳಿದರೆ ನೈವೇದ್ಯ ಅಂತಾನೇ ಆಗುತ್ತೆ.

ಬೀಜದ ಅಂಗಡಿ, ರಾಯಚೂರು

ಒಂದು ಮಾತು ಹೇಳ್ತೀನಿ, ಸಿಟ್ಟಾಗಬೇಡಿ. ಇದೆಲ್ಲಾ ನೋಡಿದರೆ ಇಂಗ್ಲಿಷ್ ಮೋಸದ ಭಾಷೆ. ಬರೆಯುವುದು ಒಂದು, ಓದುವುದು ಇನ್ನೊಂದು. ನಮ್ಮ ಕನ್ನಡ ನೋಡಿ, ಬರೆದದ್ದೇ ಓದು, ಓದಿದ್ದೇ ಬರೆ.

ಸಿಂಧನೂರು ಮೇಡಂ

ಅರ್ಧ ನಿಜ. 'ಬ್ರಹ್ಮ' ಅಂತ ಬರೆದು ಏನಂತ ಓದುತ್ತೀರಿ? ಬ್ರಮ್ಹ. 'ಚಿಹ್ನೆ' ಬರೆದು? ಚಿನ್ಹೆ. 'ಜ್ಞಾನ'ದ ಮೊದಲ ಅಕ್ಷರ ಹೇಗೆ ಬರೆದಿದೆಯೋ ಹಾಗೆ ಎಷ್ಟು ಜನ ಹೇಳುತ್ತಾರೆ? ಇನ್ನು ಸೊನ್ನೆ. ಗಂಗೆಯ ಸೊನ್ನೆ ಬೇರೆ, ಪಂಪನ ಸೊನ್ನೆ ಬೇರೆ, ಸಂತೆಯ ಸೊನ್ನೆ ಬೇರೆ. ನಮಗೆ ಅಭ್ಯಾಸ ಆಗಿದೆ, ಗೊತ್ತಾಗುವುದಿಲ್ಲ.

ಇಂಗ್ಲಿಷ್ ಮೋಸ ಮಾಡುತ್ತಿಲ್ಲ. ಹಳೇ ಫೋಟೋ ಇಟ್ಟುಕೊಂಡಿದೆ. ನೈಫ್, ನೀ ಎಂಬಲ್ಲಿನ 'ಕೆ' ಒಂದು ಕಾಲದಲ್ಲಿ ಬಾಯಲ್ಲೂ ಇತ್ತು. ಕ್ಯಾಕ್ಸ್‌ಟನ್ 1476ರಲ್ಲಿ ಇಂಗ್ಲೆಂಡಿಗೆ ಅಚ್ಚಿನ ಯಂತ್ರ ತಂದ. ಆಮೇಲೆ ನಿಧಾನಕ್ಕೆ ಸ್ಪೆಲ್ಲಿಂಗ್ ಗಟ್ಟಿ ಆಯಿತು. ಬಾಯಿ ಮಾತ್ರ ಬದಲಾಗುತ್ತಾ ಹೋಯಿತು.

ಬೀಜದ ಅಂಗಡಿ, ರಾಯಚೂರು

ಸರಿ ಮೇಡಂ. 'ಕೆ' ಹಳೇ ಫೋಟೋ ಅಂತ ಒಪ್ಪಿದೆ. ಹಾಗಾದರೆ ಡೆಟ್ ಎಂಬ ಸಾಲದಲ್ಲಿ 'ಬಿ' ಯಾಕೆ? ಅದೂ ಹಿಂದೆ ಬಾಯಲ್ಲಿ ಇತ್ತಾ?

ಸಿಂಧನೂರು ಮೇಡಂ

ಇಲ್ಲ, ಇಲ್ಲಿ ನೀವು ಗೆದ್ದಿರಿ. ಅದು ನಿಜವಾಗಿಯೂ ಪಂಡಿತರ ಕಿತಾಪತಿ. ಇಂಗ್ಲಿಷಿನಲ್ಲಿ ಅದು ಡಿ-ಇ-ಟಿ-ಟಿ-ಇ ಅಂತ ನೆಟ್ಟಗೆ ಇತ್ತು. ಲ್ಯಾಟಿನಿನ 'ಡೆಬಿಟುಮ್' ನೆನಪಾಗಲಿ ಅಂತ 'ಬಿ' ತುರುಕಿದರು. ಇಂಡೈಟ್ ಅನ್ನೋ ಪದವೂ ಹಾಗೇ. ಬರೆಯುವುದು ಐ-ಎನ್-ಡಿ-ಐ-ಸಿ-ಟಿ, ಆರೋಪ ಹೊರಿಸು ಅಂತ. ಆ 'ಸಿ' ಕೂಡ ಆಮೇಲೆ ಸೇರಿಸಿದ್ದು. ಐಲೆಂಡ್‌ನ 'ಎಸ್' ಇನ್ನೂ ಅನ್ಯಾಯ. ಅದಕ್ಕೆ ಲ್ಯಾಟಿನ್ ನಂಟೇ ಇರಲಿಲ್ಲ, ಐಲ್ ಅನ್ನೋ ಇನ್ನೊಂದು ಪದದ ಜೊತೆ ತಪ್ಪಾಗಿ ಕಟ್ಟಿಹಾಕಿದರು.

ಬೀಜದ ಅಂಗಡಿ, ರಾಯಚೂರು

ಸಾಲಕ್ಕೆ ಬಡ್ಡಿ ಸೇರಿಸಿದಂಗೆ 'ಬಿ' ಸೇರಿಸಿದ್ದಾರೆ. ನಮ್ಮ ಉದ್ರಿ ಪುಸ್ತಕ ಇದಕ್ಕಿಂತ ವಾಸಿ.

ಮಸ್ಕಿ ಬೆಟ್ಟ

ಇಂಡೈಟ್ ಅಂದ್ರಲ್ಲ, ಅದೇ ಲೆಕ್ಕದಲ್ಲಿ ನಾನು ಅಶೋಕನ ಶಾಸನಕ್ಕೆ 'ಈಡೈಟ್' ಅಂತ ಪ್ರವಾಸಿಗರ ಮುಂದೆ ಹೇಳಿದ್ದೆ. ಇಲ್ಲಿ 'ಸಿ' ಹೇಳಬೇಕಂತೆ, ಈಡಿಕ್ಟ್. ಒಂದಕ್ಕೆ ಬೇಕು, ಒಂದಕ್ಕೆ ಬೇಡ. ಏನು ಮಾಡೋದು?

ನಮ್ಮ ಮಸ್ಕಿ ಶಾಸನ 1915ರಲ್ಲಿ ಸಿಕ್ಕಿದ್ದು, ಹುಡುಕಿದ್ದು ಬೀಡನ್ ಅನ್ನೋ ಗಣಿ ಎಂಜಿನಿಯರ್. ಬಂಗಾರ ಹುಡುಕಲು ಬಂದವನಿಗೆ ಅಶೋಕ ಸಿಕ್ಕ. ದೇವಾನಾಂಪ್ರಿಯ ಅಂದರೆ ಅಶೋಕನೇ ಅಂತ ಹೆಸರು ಸಮೇತ ತೋರಿಸಿದ ಕಲ್ಲು ಅದು. ಏನೋ ಹುಡುಕುವಾಗ ಇನ್ನೇನೋ ಒಳ್ಳೇದು ಸಿಗುವುದಕ್ಕೆ ಇಂಗ್ಲಿಷಿನಲ್ಲಿ ಒಂದು ಪದ ಇದೆಯಲ್ಲ?

ಗವಿಮಠದ ಓಣಿ, ಕೊಪ್ಪಳ

ಸೆರೆಂಡಿಪಿಟಿ! ಇದು ನನಗೆ ಬರುತ್ತದೆ. 1754ರಲ್ಲಿ ಹೊರೇಸ್ ವಾಲ್‌ಪೋಲ್ ಒಂದು ಕಾಗದದಲ್ಲಿ ಕಟ್ಟಿದ ಪದ. ಸೆರೆಂಡಿಪ್ ಅಂದರೆ ಶ್ರೀಲಂಕಾದ ಹಳೇ ಹೆಸರು. ಅಲ್ಲಿಯ ಮೂವರು ರಾಜಕುಮಾರರ ಕಥೆಯಿಂದ ತೆಗೆದದ್ದು. ಆದರೆ ಸರ್, ನಮ್ಮ ಗವಿಮಠದಲ್ಲೂ ಪಾಲ್ಕಿಗುಂಡಿನಲ್ಲೂ ಅಶೋಕನ ಶಾಸನ ಇದೆ. ಮಸ್ಕಿಯವರು ಒಬ್ಬರೇ ಮೆರೆಯಬೇಡಿ.

ಮಸ್ಕಿ ಬೆಟ್ಟ

ನಿಮ್ಮದರಲ್ಲಿ ಹೆಸರಿಲ್ಲ ತಮ್ಮಾ.

ನಿವೃತ್ತ ಟಪಾಲು, ಬಳ್ಳಾರಿ

ನಮ್ಮ ನಿಟ್ಟೂರು, ಉದೇಗೋಳದ ಶಾಸನಗಳಲ್ಲಿ ಹೆಸರಿದೆ. ಜಗಳ ನಿಲ್ಲಿಸಿ.

ಮಾನ್ವಿ ಟು ಮಾರತಹಳ್ಳಿ

ವಿಷಯಕ್ಕೆ ಬರೋಣ. ಶಶಿ ತರೂರ್ ಪದಗಳನ್ನು ಯಾರೂ ಹಾಕಲಿಲ್ಲ. 2017ರಲ್ಲಿ 'ಫರಾಗೊ' ಅಂತ ಟ್ವೀಟ್ ಮಾಡಿದಾಗ ದೇಶವೇ ಡಿಕ್ಷನರಿ ತೆಗೆದಿತ್ತು. ನಮ್ಮ ಆಫೀಸಿನಲ್ಲಿ ಒಂದು ವಾರ ಎಲ್ಲರ ಬಾಯಲ್ಲೂ ಅದೇ. ಗೊಂದಲದ ಕಲಬೆರಕೆ ಅಂತ ಅರ್ಥ.

ಬೀಜದ ಅಂಗಡಿ, ರಾಯಚೂರು

ಅದು ಲ್ಯಾಟಿನಿನಲ್ಲಿ ದನದ ಮೇವು ಅಂತ ಎಲ್ಲೋ ಓದಿದ ನೆನಪು. ಹೌದಾ ಮೇಡಂ?

ಸಿಂಧನೂರು ಮೇಡಂ

ಹೌದು. ನಾಲ್ಕಾರು ಕಾಳು ಕಲಸಿ ಬೆಳೆದ ಮೇವಿಗೆ ಆ ಹೆಸರು.

ಬೀಜದ ಅಂಗಡಿ, ರಾಯಚೂರು

ಅಂದರೆ ನಾವು ಜೋಳ, ಅಲಸಂದಿ ಕಲಸಿ ಬಿತ್ತಿ ದನಕ್ಕೆ ಹಾಕುವುದು ಫರಾಗೊ. ನಾಳೆಯಿಂದ ಬೋರ್ಡ್ ಹಾಕ್ತೀನಿ: ಇಲ್ಲಿ ಫರಾಗೊ ಬೀಜ ಸಿಗುತ್ತದೆ. ಕೆಜಿಗೆ ಇಪ್ಪತ್ತು ರೂಪಾಯಿ ಜಾಸ್ತಿ.

ತುಂಟ ತುಂಗಾ

ತರೂರ್ ಅವರ ಇನ್ನೊಂದು, 29 ಅಕ್ಷರದ್ದು: ಫ್ಲಾಕ್ಸಿ-ನಾಸಿ-ನಿಹಿಲಿ-ಪಿಲಿ-ಫಿಕೇಶನ್. ಒಂದನ್ನು ಏನೂ ಬೆಲೆ ಇಲ್ಲದ್ದು ಅಂತ ತಳ್ಳಿ ಹಾಕುವುದು. ನಮ್ಮಜ್ಜಿ ಅದನ್ನು ಒಂದೇ ಅಕ್ಷರದಲ್ಲಿ ಮುಗಿಸುತ್ತಾಳೆ. 'ಥೂ'.

ಸಂಡೂರು ಕೆಂಪು ಧೂಳು

ನಾನು ವಾಟ್ಸಾಪಿನಲ್ಲಿ ಓದಿದ್ದು. ನ್ಯೂಸ್ ಅಂದರೆ ನಾರ್ತ್, ಈಸ್ಟ್, ವೆಸ್ಟ್, ಸೌತ್. ನಾಲ್ಕೂ ದಿಕ್ಕಿನ ಸುದ್ದಿ ಅಂತ.

ಸಿಂಧನೂರು ಮೇಡಂ

ಸುಳ್ಳು. ನ್ಯೂ ಅಂದರೆ ಹೊಸದು, ಅದಕ್ಕೆ 'ಎಸ್' ಹತ್ತಿ ಹೊಸ ಸಂಗತಿಗಳು. ವಾಟ್ಸಾಪಿನ ಪದಮೂಲವನ್ನೆಲ್ಲಾ ಅರ್ಧ ದಿನ ನೆನೆಸಿಟ್ಟು ಆಮೇಲೆ ಬೇಯಿಸಿ.

ಸಂಡೂರು ಕೆಂಪು ಧೂಳು

ಜಿ-ಎಚ್-ಓ-ಟಿ-ಐ ಅಂತ ಬರೆದು ಫಿಶ್ ಅಂತ ಓದಬಹುದು, ಬರ್ನಾರ್ಡ್ ಶಾ ಹೇಳಿದ್ದು. ಅದಾದರೂ ನಿಜಾನಾ?

ಸಿಂಧನೂರು ಮೇಡಂ

ಲೆಕ್ಕ ನಿಜ. ಇನಫ್‌ನ ಕೊನೆಯಿಂದ 'ಫ್', ವಿಮೆನ್‌ನ ನಡುವಿಂದ 'ಇ', ನೇಶನ್‌ನ ನಡುವಿಂದ 'ಶ್'. ಆದರೆ ಶಾ ತಲೆಯಿಂದ ಬಂದದ್ದಲ್ಲ. 1855ರ ಒಂದು ಪತ್ರದಲ್ಲೇ ಇದೆ, ಆಗ ಶಾ ಇನ್ನೂ ಹುಟ್ಟಿರಲಿಲ್ಲ. ಅದೂ ತಮಾಷೆಯೇ. ಪದದ ಮೊದಲಿಗೆ ಬಂದ ಜಿ-ಎಚ್ ಯಾವತ್ತೂ 'ಫ್' ಆಗುವುದಿಲ್ಲ. ಘೋಸ್ಟ್‌ಗೆ 'ಫೋಸ್ಟ್' ಅಂತೀರಾ?

ನಿವೃತ್ತ ಟಪಾಲು, ಬಳ್ಳಾರಿ

ಘೋಸ್ಟ್ ಅಂದರೆ ನೆನಪಾಯಿತು. ಡಿಕ್ಷನರಿಯಲ್ಲೂ ದೆವ್ವ ಇರುತ್ತವೆ. 1934ರ ವೆಬ್‌ಸ್ಟರ್ ನಿಘಂಟಿನಲ್ಲಿ 'ಡಾರ್ಡ್' ಅಂತ ಒಂದು ಪದ, ಅರ್ಥ ಸಾಂದ್ರತೆ. ಅಸಲಿಗೆ ಅಂಥ ಪದವೇ ಇಲ್ಲ. ದೊಡ್ಡ ಡಿ ಅಥವಾ ಸಣ್ಣ ಡಿ ಅಂದರೆ ಡೆನ್ಸಿಟಿ ಅಂತ ಒಂದು ಚೀಟಿ ಬರೆದಿದ್ದರು, 'ಡಿ ಆರ್ ಡಿ'. ಅದನ್ನೇ ಯಾರೋ ಕೂಡಿಸಿ ಡಾರ್ಡ್ ಮಾಡಿದರು. 1939ರಲ್ಲಿ ಒಬ್ಬ ಸಂಪಾದಕ, ಈ ಪದಕ್ಕೆ ಮೂಲ ಯಾಕೆ ಬರೆದಿಲ್ಲ ಅಂತ ಹುಡುಕುವವರೆಗೂ ಯಾರಿಗೂ ಗೊತ್ತಾಗಲಿಲ್ಲ.

ನಮ್ಮ ಬಳ್ಳಾರಿಗೂ ನಿಘಂಟಿಗೂ ನಂಟಿದೆ. ಇಲ್ಲಿಯ ಮಿಷನ್‌ನಲ್ಲಿದ್ದ ವಿಲಿಯಂ ರೀವ್ ಇಂಗ್ಲಿಷ್ ಕನ್ನಡ ನಿಘಂಟು ಮಾಡಿದ್ದು 1824ರಲ್ಲಿ. ಕಿಟೆಲ್ ನಿಘಂಟು ಬಂದದ್ದು 1894ಕ್ಕೆ. ಎಪ್ಪತ್ತು ವರ್ಷ ಮೊದಲು. ಊರಿನ ಹುಡುಗರಿಗೆ ಕೇಳಿ, ಒಬ್ಬರಿಗೂ ಗೊತ್ತಿಲ್ಲ.

ಮಾನ್ವಿ ಟು ಮಾರತಹಳ್ಳಿ

ನನಗೊಂದು ಹಳೇ ಸಿಟ್ಟಿದೆ, ಇಲ್ಲೇ ಕಕ್ಕಿಬಿಡ್ತೀನಿ. ಬೆಂಗಳೂರಿಗೆ ಹೋದ ಹೊಸದರಲ್ಲಿ ನಾನು 'ಇಸ್ಕೂಲ್', 'ಇಸ್ಟೇಶನ್' ಅಂದರೆ ರೂಮಿನವರು ನಗುತ್ತಿದ್ದರು. ಸ್ಪೇನಿನವರು ಸ್ಕೂಲಿಗೆ 'ಎಸ್ಕ್ವೇಲಾ' ಅಂತಾರೆ. ಅವರೂ ಮುಂದೆ ಒಂದು ಸ್ವರ ಹಚ್ಚಿಕೊಂಡೇ ಹೇಳೋದು. ಅವರಿಗೆ ಯಾರೂ ನಗಲ್ಲ.

ಇನ್ನೊಂದು. ಬ್ಯಾಟ್, ಬ್ಯಾಂಕ್ ಅನ್ನೋ 'ಆ್ಯ' ಸ್ವರ ನಮ್ಮ ಕಡೆಯವರಿಗೆ ಹುಟ್ಟಿನಿಂದ ಬರುತ್ತೆ. ನಾವು ಬ್ಯಾಡ, ಮ್ಯಾಲೆ, ಪ್ಯಾಟಿ ಅಂತ ಹೇಳೋರು. ಬೇಡ, ಮೇಲೆ ಅನ್ನೋರು ಅದನ್ನ ಇಂಗ್ಲಿಷಿನಿಂದ ಕಲೀಬೇಕು.

ಬಳ್ಳಾರಿ ಜೀನ್ಸ್

ಇದಕ್ಕೆ ನನ್ನ ಪೂರ್ತಿ ವೋಟು.

ಸಿಂಧನೂರು ಮೇಡಂ

ನನ್ನದೂ. ಆದರೂ ಸಂದರ್ಶನದಲ್ಲಿ ಸ್ಟೇಶನ್ ಅನ್ನಿ. ನಗುವವರ ಕೈಯಲ್ಲಿ ಕೆಲಸ ಇರುತ್ತದೆ.

ಮುದಗಲ್ ಕೋಟೆ

ಎಲ್ಲಾ ಓದಿದೆ. ಒಂದು ಪದ ಯಾರೂ ಹೇಳಲಿಲ್ಲ, ಅದು ನಮ್ಮೂರಿನ ಬಾಯಲ್ಲೇ ಇದೆ. ಮೊಹರಂನಲ್ಲಿ ನಮ್ಮಲ್ಲಿ ಎಲ್ಲಾ ಜಾತಿಯವರೂ ಸೇರುತ್ತಾರೆ, ನಿಮಗೆ ಗೊತ್ತಿದ್ದದ್ದೇ. ಕತ್ತಲ ರಾತ್ರಿ ಅಲಾಯಿ ಕುಣಿಯ ಸುತ್ತ ಹಲಗೆ ಬಡಿತ, ಬೆಂಕಿಯ ಶಾಖ, ಹುಡುಗರ ಗಂಟಲು ಬಿದ್ದು ಹೋಗುವಷ್ಟು ಕೂಗು. 'ಯಾ ಹಸನ್, ಯಾ ಹುಸೇನ್'. ಆಗಿನ ಬ್ರಿಟಿಷ್ ಸಿಪಾಯಿಗಳಿಗೆ ಈ ಕೂಗು ಹೇಗೆ ಕೇಳಿಸಿತು ಗೊತ್ತಾ? 'ಹಾಬ್ಸನ್ ಜಾಬ್ಸನ್'. ತಮ್ಮ ಊರಿನ ಯಾರೋ ಇಬ್ಬರ ಹೆಸರು ಕರೆದಂಗೆ!

ಯೂಲ್ ಮತ್ತು ಬರ್ನೆಲ್ 1886ರಲ್ಲಿ ಭಾರತದಿಂದ ಇಂಗ್ಲಿಷಿಗೆ ಹೋದ ಪದಗಳ ದೊಡ್ಡ ಕೋಶ ತಂದರು. ಅದಕ್ಕೆ ಇದೇ ಹೆಸರಿಟ್ಟರು. ಬೇರೆ ಭಾಷೆಯ ಪದವನ್ನು ನಮ್ಮ ನಾಲಿಗೆಗೆ ಬೇಕಾದಂತೆ ತಿರುಚಿಕೊಳ್ಳುವುದಕ್ಕೂ ಆಮೇಲೆ ಭಾಷಾ ಪಂಡಿತರು ಇದೇ ಹೆಸರು ಬಳಸಿದರು.

ಆನೆಗೊಂದಿ ಹರಿಗೋಲು

ಹಂಗಾದ್ರೆ ನಾವು ಲ್ಯಾಂಟರ್ನ್ ಅನ್ನು ಲಾಟೀನು ಮಾಡಿದ್ದು, ಹಾಸ್ಪಿಟಲ್ ಅನ್ನು ಆಸ್ಪತ್ರೆ ಮಾಡಿದ್ದು?

ಮುದಗಲ್ ಕೋಟೆ

ಅದೂ ಹಾಬ್ಸನ್ ಜಾಬ್ಸನ್ನೇ. ಸೆಲ್ವರಾಜ್ ಕೂಡ.

ಬೀಜದ ಅಂಗಡಿ, ರಾಯಚೂರು

ನನ್ನ ಸೀಡೆಡ್ ಕೂಡ ಸೇರಿಸ್ಕೊಳ್ಳಿ. ಒಂದು ಕೈ ಜಾಸ್ತಿ ಇರಲಿ. ಅಂದಹಾಗೆ ಬ್ಯಾಂಡಿಕೂಟ್ ಅಂದರೆ ಹೆಗ್ಗಣ. ತೆಲುಗಿನ ಪಂದಿಕೊಕ್ಕು, ಹಂದಿ ಇಲಿ. ನನ್ನ ಗೋದಾಮಿನಲ್ಲಿ ಎರಡಿವೆ, ಅರ್ಥ ನೋಡಬೇಕಾದವರು ಬರಬಹುದು.

ಗವಿಮಠದ ಓಣಿ, ಕೊಪ್ಪಳ

ಎಲ್ಲರಿಗೂ ಥ್ಯಾಂಕ್ಸ್. ಇವತ್ತು ಸಂಜೆಯ ಕಥೆ ಹೇಳಿ ಮಲಗುತ್ತೇನೆ. ಒಗ್ಗರಣಿ ಮಿರ್ಚಿ ತಿನ್ನಲು ನಮ್ಮ ಗೆಳೆಯರೆಲ್ಲಾ ಸೇರಿದ್ದೆವು. ಬಂಡಿ ಕಾಕಾ ಮಿರ್ಚಿಯನ್ನು ಎಣ್ಣೆಯಿಂದ ತೆಗೆದು ಪೇಪರ್ ಮೇಲೆ ಹಾಕಿದರು. ಇದೇ ಸಮಯ ಅಂತ ನಾನು, ಮೇಡಂ ಹೇಳಿದ ಹಾಗೇ ಒತ್ತು ಕೊಟ್ಟು, 'ಕಾಕಾ, ನಿಮ್ಮ ಮಿರ್ಚಿ ರುಚಿಯ ಇಪಿಟಮಿ' ಅಂದೆ.

ಪಕ್ಕದಲ್ಲಿದ್ದ ಗೆಳೆಯ, ಬ್ಯಾಂಕ್ ಪರೀಕ್ಷೆಗೆ ಓದುತ್ತಿದ್ದಾನೆ, ಬಾಯಲ್ಲಿದ್ದದ್ದು ನುಂಗಿ ಬಹಳ ಪ್ರೀತಿಯಿಂದ ಹೇಳಿದ: 'ಲೇ, ಅದು ಎಪಿಟೋಮ್ ಅಂತ. ಸಂದರ್ಶನದಲ್ಲಿ ಹಿಂಗೆಲ್ಲಾ ಹೇಳಿ ಮರ್ಯಾದೆ ಕಳ್ಕೋಬ್ಯಾಡ.'

ತುಂಟ ತುಂಗಾ

ಕಾಕಾ ಏನಂದ್ರು?

ಗವಿಮಠದ ಓಣಿ, ಕೊಪ್ಪಳ

'ಅದು ಖಾಲಿ ಆಗೇತಿ, ನಾಳೆ ಬರ್ರಿ' ಅಂದ್ರು.